‘ಪೂರಾ ಹಣ ಮುಟ್ಟಿರುತ್ತದೆ’ ಎಂದು ಬರೆದ ಕೈ

ಬರವಣಿಗೆಯಲ್ಲಿದೆ ಎಂದ ಮೇಲೆ ಅದು ನಡೆದೇ ಇದೆ ಎಂದು ಯಾರಾದರೂ ವಾದಿಸಿದರೆ ನನಗೆ ಈಗಲೂ ಮೈ ಉರಿಯುತ್ತದೆ. ನಡೆಯದ್ದನ್ನು ನಡೆದಿದೆ ಎಂದು ದುಂಡು ಅಕ್ಷರದಲ್ಲಿ ಬರೆದುಕೊಟ್ಟವನು ನಾನೇ.

ಹೊಸ ಪೈಸೆ ಚಲಾವಣೆಗೆ ಬಂದ ವರ್ಷದ ಮಾತು. ಶಿಕಾರಿಪುರದ ರಿಜಿಸ್ಟ್ರಿ ಕಚೇರಿಯ ಜಗಲಿಯಲ್ಲಿ ನಾವು ಮೂವರು ಪತ್ರ ಬರೆಯುವವರು ಕೂರುತ್ತಿದ್ದೆವು. ನನಗೆ ಕೆಲಸ ಕಲಿಸಿದವರು ನಿವೃತ್ತರಾದ ಒಬ್ಬ ಶಿರಸ್ತೇದಾರರು. ಕಚೇರಿ ಹತ್ತೂವರೆಗೆ ತೆರೆದರೆ ನಾನು ಹತ್ತಕ್ಕೆ ಮೇಜು ಒರೆಸಿ, ಮಸಿ ತುಂಬಿಸಿ, ಎರಡು ಟಾಕು ಸಿದ್ಧಮಾಡಿ ಕೂತಿರಬೇಕು. ಒಂದು ಅಕ್ಷರ ಹೊಡೆದುಹಾಕಿದರೂ ಪತ್ರದ ಕೊನೆಗೆ ಅದರ ಷರಾ ಬರೆದು ಸಹಿ ಹಾಕಿಸಬೇಕು. ಷರಾ ಬರೆಯುವ ಪ್ರಸಂಗವೇ ಬರದಂತೆ ಬರೆಯುವುದು ನನ್ನ ಹೆಮ್ಮೆಯಾಗಿತ್ತು. ಆ ಹೆಮ್ಮೆಯಿಂದಲೇ ಈ ಕಥೆ ಕೆಟ್ಟಿತು.

ಮಾರುವಾಕೆ ಸೊರಬ ತಾಲ್ಲೂಕಿನ ಹೊಸಬಾಳೆಯ ಹೆಂಗಸು. ನಲವತ್ತೈದರ ಆಸುಪಾಸು, ಗಟ್ಟಿ ಮಾತು. ಆಕೆಯ ತವರು ನಮ್ಮ ತಾಲ್ಲೂಕಿನ ಉಡುತಡಿ. ಮದುವೆಯಲ್ಲಿ ಅಪ್ಪ ಅರಿಶಿನ ಕುಂಕುಮಕ್ಕೆಂದು ಒಂದೂವರೆ ಎಕರೆ ತರಿ ಜಮೀನು ಕೊಟ್ಟಿದ್ದರು. ಹೊಸಬಾಳೆಯಿಂದ ಎರಡು ಬಸ್ಸು ಹಿಡಿದು ಬಂದು ಉಡುತಡಿಯ ಗದ್ದೆ ಮಾಡಿಸುವುದು ಕೈಲಾಗದ ಕೆಲಸ. ಅಷ್ಟರಲ್ಲಿ ಅವರ ಮನೆಯ ಹಿಂದಿನ ಗದ್ದೆಯನ್ನು ನೆರೆಯವರು ಮಾರುವುದಾಗಿ ಹೇಳಿದರು. ಆಕೆ ಮುನ್ನೂರು ರೂಪಾಯಿ ಮುಂಗಡ ಕೊಟ್ಟು, ಆರು ತಿಂಗಳ ವಾಯಿದೆಗೆ ಕರಾರು ಬರೆಸಿಕೊಂಡಿದ್ದಳು. ವಾಯಿದೆ ತಪ್ಪಿದರೆ ಮುಂಗಡವೂ ಇಲ್ಲ, ಗದ್ದೆಯೂ ಇಲ್ಲ. ಉಡುತಡಿಯ ಗದ್ದೆ ಮಾರಿದ ಹಣದಲ್ಲಿ ಹೊಸಬಾಳೆಯ ಗದ್ದೆ ಕೊಳ್ಳಬೇಕು, ಲೆಕ್ಕ ಅಷ್ಟೇ.

“ನಿಮ್ಮ ಯಜಮಾನರು ಬರಲಿಲ್ಲವೇ?” ಎಂದು ಮೊದಲ ದಿನವೇ ಕೇಳಿದ್ದೆ.

“ಅವ್ರಿಗೆ ಕಚೇರಿ ಅಂದ್ರೆ ಚಳಿಜ್ವರ ರಾಯ್ರೇ. ಬಾಗ್ಲಲ್ಲಿ ಜವಾನನ್ನ ಕಂಡ್ರೂ ಕೈ ಮುಗೀತಾರೆ. ಜಮೀನು ನಂದು, ನಾನೇ ಬರಾದು.”

ಕೊಳ್ಳುವವರು ಶಿಕಾರಿಪುರದಲ್ಲಿ ಭತ್ತದ ಮಂಡಿ ಇಟ್ಟಿದ್ದ ಸಾಹುಕಾರರು. ನನ್ನ ಹಳೆಯ ಗಿರಾಕಿ. ವರ್ಷಕ್ಕೆ ಎರಡು ಮೂರು ಕ್ರಯ ಬರೆಸುತ್ತಿದ್ದರು. ಎರಡು ಸಾವಿರದ ಎಂಟುನೂರಕ್ಕೆ ಮಾತಾಯಿತು. ಶ್ರಾವಣದಲ್ಲಿ ಕರಾರು ಬರೆದಾಗ ಎಂಟುನೂರು ಕೊಟ್ಟರು. ಉಳಿದ ಎರಡು ಸಾವಿರವನ್ನು ದೀಪಾವಳಿ ಕಳೆದ ಮೇಲೆ, ರಿಜಿಸ್ಟ್ರಿಯ ದಿನ ಕೊಡುವುದು.

ಆಗಿನ ಪದ್ಧತಿಯನ್ನು ಇಲ್ಲಿ ಹೇಳಲೇಬೇಕು. ಕ್ರಯಪತ್ರವನ್ನು ನಾವು ಹಿಂದಿನ ದಿನವೇ ಛಾಪಾ ಕಾಗದದ ಮೇಲೆ ಪೂರ್ತಿ ಬರೆದಿಡುತ್ತಿದ್ದೆವು. ‘ಬಾಕಿ ಹಣವನ್ನು ಈ ದಿನ ನಗದಾಗಿ ಪಡೆದಿರುತ್ತೇನೆ, ಪೂರಾ ಹಣ ಮುಟ್ಟಿರುತ್ತದೆ’ ಎಂಬ ಸಾಲೂ ಅದರಲ್ಲಿ ಸೇರಿರುತ್ತಿತ್ತು. ನಿಜವಾಗಿ ಹಣ ಬರುತ್ತಿದ್ದುದು ಸಹಿಯಾದ ಮೇಲೆ, ಸಂಜೆಗೋ ಮುಂದಿನ ಸಂತೆಗೋ. ಅದಕ್ಕೊಂದು ಬಿಗಿ ಇಟ್ಟುಕೊಂಡಿದ್ದೆವು. ಪತ್ರವನ್ನು ಹಾಜರುಪಡಿಸಿದವರಿಗೆ ಕಚೇರಿಯಲ್ಲಿ ಒಂದು ರಸೀತಿ ಕೊಡುತ್ತಾರೆ. ಅವರು ತಮ್ಮ ಪುಸ್ತಕದಲ್ಲಿ ನಕಲು ಮಾಡಿಕೊಂಡ ಮೇಲೆ ಮೂಲಪತ್ರ ವಾಪಸು ಸಿಗುವುದು ಆ ರಸೀತಿ ತೋರಿಸಿದವರಿಗೆ. ನಮ್ಮಲ್ಲಿ ಪತ್ರವನ್ನು ಮಾರುವವರ ಕೈಯಿಂದಲೇ ಹಾಜರುಪಡಿಸಿ, ಹಣ ಮುಟ್ಟುವ ತನಕ ರಸೀತಿಯನ್ನು ಬರೆದವನ ಪೆಟ್ಟಿಗೆಯಲ್ಲಿ ಇಡುತ್ತಿದ್ದೆವು. ಹಣ ಬಂದ ಗಳಿಗೆಯಲ್ಲೇ ಮಾರಿದವರು ರಸೀತಿಯ ಹಿಂದೆ ‘ಮೂಲಪತ್ರ ಇಂಥವರಿಗೆ ಕೊಡುವುದು’ ಎಂದು ರುಜು ಹಾಕುವುದು, ಕೊಂಡವರು ಅದನ್ನು ತೆಗೆದುಕೊಂಡು ಎದ್ದು ಹೋಗುವುದು. ಇದು ಯಾವ ಕಾಯಿದೆಯಲ್ಲೂ ಇರಲಿಲ್ಲ. ಆದರೂ ಎಲ್ಲರೂ ನಡೆಸಿಕೊಂಡು ಬಂದಿದ್ದರು.

ರಿಜಿಸ್ಟ್ರಿಯ ದಿನ ಸಾಹುಕಾರರು ಬರಿಗೈಯಲ್ಲಿ ಬಂದರು.

“ರಾಯ್ರೇ, ರೊಕ್ಕ ದಾವಣಗೇರಿಯಿಂದ ಮಧ್ಯಾಹ್ನದ ಬಸ್ಸಿಗೆ ಬರ್ತೈತಿ. ನಮ್ಮ ಗುಮಾಸ್ತ ಹೋಗ್ಯಾನ. ನೀವು ಕೆಲಸ ಮುಗಿಸ್ರಿ. ನಾಳಿಂದ ಸಾಹೇಬ್ರು ರಜಾ ಅಂತ.”

ಆಕೆ ನನ್ನನ್ನು ಕೇಳಿದಳು. “ದುಡ್ಡು ಬರ್ದೇ ಬಂತು ಅಂತ ಹಾಕಿದೀರಲ್ಲ ರಾಯ್ರೇ?”

ಕಾಗದ ನನ್ನ ಮುಂದೆ ಇತ್ತು. ಮೂರು ಪುಟ, ಒಂದು ಹೊಡೆತವಿಲ್ಲ, ಒಂದು ಚುಕ್ಕೆ ಮಸಿಯಿಲ್ಲ. ‘ಮುಟ್ಟಿರುತ್ತದೆ’ ಎಂಬುದನ್ನು ಹೊಡೆದು ‘ಮುಟ್ಟತಕ್ಕದ್ದಿರುತ್ತದೆ’ ಎಂದು ಮಾಡಿ, ಕೊನೆಗೆ ಷರಾ ಬರೆಯಲು ಐದು ನಿಮಿಷ ಸಾಕಾಗಿತ್ತು. “ಇದು ವಾಡಿಕೆ ತಾಯಿ. ರಸೀತಿ ನನ್ನ ಹತ್ತಿರ ಇರುತ್ತದೆ” ಎಂದೆ.

ಒಳಗೆ ಅಧಿಕಾರಿ ನಿಯಮದಂತೆ ಕೇಳಿದರು. “ಹಣ ಮುಟ್ಟಿತೇನಮ್ಮ?”

ಆಕೆ ನನ್ನ ಮುಖ ನೋಡಿದಳು. ನಾನು ತಲೆಯಾಡಿಸಿದೆ. “ಹೂಂ” ಎಂದಳು. ಅಧಿಕಾರಿ ಪತ್ರದ ಬೆನ್ನಿಗೆ ‘ಹಣ ಮುಂಚೆಯೇ ಸಂದಿರುವುದಾಗಿ ಒಪ್ಪಿದರು’ ಎಂದು ಬರೆದರು. ಅವರದ್ದೇನೂ ತಪ್ಪಿಲ್ಲ. ಕೇಳಿದ್ದನ್ನು ಬರೆದುಕೊಂಡರು.

ಮಧ್ಯಾಹ್ನದ ಬಸ್ಸು ಬಂತು. ಗುಮಾಸ್ತ ಇಳಿದ, ಹಣ ಇಳಿಯಲಿಲ್ಲ.

ಮುಂದಿನ ನಾಲ್ಕು ತಿಂಗಳು ಆಕೆ ಹದಿನೈದು ದಿನಕ್ಕೊಮ್ಮೆ ಹೊಸಬಾಳೆಯಿಂದ ಬಂದಳು. ಮೊದಲು ಬಿಲ್ಲು ಆಗಿಲ್ಲ ಎಂದರು. ಆಮೇಲೆ ಭತ್ತದ ಧಾರಣೆ ಬಿದ್ದಿದೆ ಎಂದರು. ಸಂಕ್ರಾಂತಿಯ ಹೊತ್ತಿಗೆ ಖಾತೆ ಸಾಹುಕಾರರ ಹೆಸರಿಗೆ ಬದಲಾಯಿತು. ರಿಜಿಸ್ಟ್ರಿಯಾದರೆ ಅದರ ವರದಿ ತಾಲ್ಲೂಕು ಕಚೇರಿಗೆ ತಾನಾಗಿ ಹೋಗುತ್ತದೆ. ಅದಕ್ಕೆ ಮೂಲಪತ್ರವೂ ಬೇಡ, ನನ್ನ ಪೆಟ್ಟಿಗೆಯ ರಸೀತಿಯೂ ಬೇಡ. ನಾವು ಬಿಗಿ ಎಂದುಕೊಂಡಿದ್ದು ಎಷ್ಟು ಸಡಿಲ ಎಂದು ನನಗೆ ಅಂದು ಗೊತ್ತಾಯಿತು. ಸಾಹುಕಾರರ ಎತ್ತುಗಳು ಉಡುತಡಿಯ ಗದ್ದೆಗೆ ಇಳಿದವು. ಶಿವರಾತ್ರಿಯ ನಂತರ ಆಕೆ ಮಂಡಿಗೆ ಹೋದಾಗ ಅವರು ಕೇಳಿದ್ದು ಎರಡೇ ಮಾತು. “ಯಾವ ರೊಕ್ಕ?”

ಆಕೆ ನೇರ ನನ್ನ ಜಗಲಿಗೆ ಬಂದಳು. ಅಳಲಿಲ್ಲ. ಬರೆಯುತ್ತಿದ್ದ ಕಾಗದವನ್ನೇ ನೋಡುತ್ತ ನಿಂತಳು.

“ನಿಮ್ ಅಕ್ಷರ ಭಾಳ ಚಂದ ಐತಿ ರಾಯ್ರೇ. ನನ್ ಗದ್ದೆ ಇಷ್ಟು ಸಾಪಾಗಿ ಇರ್ಲಿಲ್ಲ.”

ಅಂದು ನನ್ನ ಕೈಯಲ್ಲಿ ಆದದ್ದು ಒಂದೇ. ಸೊರಬದ ಬಸ್ಸು ಹತ್ತಿ ಆಕೆಯ ಜೊತೆ ಹೊಸಬಾಳೆಗೆ ಹೋಗಿ, ನೆರೆಯವರ ಕೈಕಾಲು ಹಿಡಿದು, ಅವರ ಕರಾರಿನ ಬೆನ್ನಿಗೆ ವಾಯಿದೆಯನ್ನು ಮುಂದಿನ ವರ್ಷದ ಯುಗಾದಿಯವರೆಗೆ ವಿಸ್ತರಿಸಿ ಬರೆಸಿಕೊಂಡೆ. ಆ ಬರಹಕ್ಕೆ ಕೂಲಿ ತೆಗೆದುಕೊಳ್ಳಲಿಲ್ಲ.

ವಾರದೊಳಗೆ ಸಾಹುಕಾರರು ನನ್ನ ಬಳಿ ಬಂದರು. ಜೊತೆಗೆ ಗುಮಾಸ್ತ. ಕೂತು, ಎಲೆ ಅಡಿಕೆ ಮುಂದೆ ಮಾಡಿದರು.

“ಆ ರಸೀತಿ ಕೊಟ್ಟುಬಿಡ್ರಿ ರಾಯ್ರೇ. ಮೂಲಪತ್ರ ಬಿಡಿಸ್ಕೊಬೇಕು.”

“ಆಕೆಯ ರುಜು ಇಲ್ಲದೆ ಹೇಗೆ ಕೊಡಲಿ?”

“ರುಜು ಏನ್ ದೊಡ್ಡದು, ನಾವ್ ನೋಡ್ಕೊಂತೀವಿ. ಪೂರಾ ರೊಕ್ಕ ಮುಟ್ಟೈತಿ ಅಂತ ನೀವ ಬರದೀರಿ. ಮುಟ್ಟಿದ್ ಮ್ಯಾಲೆ ರಸೀತಿ ಯಾರ್ದು? ಇನ್ನಾ ಮೂರು ಕ್ರಯ ಅದಾವು ಈ ವರ್ಷ. ಎಲ್ಲಾ ನಿಮ್ ಕೈಯಾಗ ಬರಸೂದು.”

ನಾಳೆ ಬನ್ನಿ ಎಂದು ಕಳಿಸಿದೆ. ಪಕ್ಕದಲ್ಲಿ ಕೂರುತ್ತಿದ್ದ ಹಿರಿಯ ಬರಹಗಾರರು ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಕನ್ನಡಕ ತೆಗೆದು ನನ್ನ ಕಡೆ ತಿರುಗಿದರು.

“ಕೊಟ್ಟು ಕೈ ತೊಳಕೊಳಯ್ಯ. ನೀನು ಹೋಗಿ ಕೋರ್ಟಲ್ಲಿ ‘ಬರೆದದ್ದು ಸುಳ್ಳು’ ಅಂದ್ರೆ, ನಾವು ಮೂವರು ಬರೆದ ಕಾಗದಗಳೆಲ್ಲ ಏನಾಗಬೇಕು? ನಾಳೆ ಪ್ರತಿಯೊಬ್ಬನೂ ದುಡ್ಡು ಬಂದಿಲ್ಲ ಅಂತ ಎದ್ದು ಬರ್ತಾನೆ.”

“ಬಂದಿಲ್ಲದಿದ್ದರೆ ಬರಲಿ.”

“ಹೆಂಡತಿ ಮಕ್ಕಳಿಗೆ ಏನು ಹಾಕ್ತೀಯ? ನಿನ್ನ ಷರಾನೇ?”

ನನಗೆ ಸಿಟ್ಟು ಬಂದದ್ದು ಅವರ ಮೇಲಲ್ಲ. ಅವರು ಹೇಳಿದ್ದರಲ್ಲಿ ಅರ್ಧ ನಿಜವಿತ್ತಲ್ಲ, ಅದರ ಮೇಲೆ. ಹನ್ನೆರಡು ವರ್ಷದಿಂದ ನಾನು ಬರೆದ ಪ್ರತಿ ಕ್ರಯಪತ್ರದಲ್ಲೂ ಆ ಸಾಲು ಇತ್ತು. ಬಹುಪಾಲು ಕಾಗದಗಳಲ್ಲಿ ಅದು ಸಂಜೆಯ ಹೊತ್ತಿಗೆ ನಿಜವಾಗುತ್ತಿತ್ತು. ಅದು ಕೊಳ್ಳುವವರ ಒಳ್ಳೆಯತನವೇ ಹೊರತು ನನ್ನ ಬರಹದ ಯೋಗ್ಯತೆಯಲ್ಲ.

ಮರುದಿನ ಹತ್ತು ಗಂಟೆಗೆ ಮೇಜು ಒರೆಸಿದೆ. ಟಾಕು ಸಿದ್ಧಮಾಡಲಿಲ್ಲ. ರಸೀತಿಯನ್ನು ಲಕೋಟೆಗೆ ಹಾಕಿ, ಅಂಟಿಸಿ, ಮೇಲೆ ತಾರೀಖು ಬರೆದು, ಸಾಹುಕಾರರು ಬರುವ ಮೊದಲೇ ಎದ್ದು ಆಕೆ ಗೊತ್ತುಮಾಡಿದ್ದ ವಕೀಲರ ಮನೆಗೆ ಹೋದೆ. “ಇದನ್ನು ನಾನೇ ಕೋರ್ಟಿನಲ್ಲಿ ಹಾಜರುಪಡಿಸುತ್ತೇನೆ. ಸುಳ್ಳು ಬರೆದದ್ದು ನಾನು, ಹೂಂ ಅನ್ನಿಸಿದ್ದೂ ನಾನು. ಹಾಗೆಂದೇ ಸಾಕ್ಷಿ ಹೇಳುತ್ತೇನೆ” ಎಂದೆ.

ವಕೀಲರು ಲಕೋಟೆಯನ್ನು ಮುಟ್ಟಲಿಲ್ಲ. “ನಿಮ್ಮ ಹತ್ತಿರವೇ ಇರಲಿ. ಸಮನ್ಸು ಕಳಿಸ್ತೀನಿ, ಆಗ ತನ್ನಿ. ಎದುರು ವಕೀಲರು ನಿಮ್ಮನ್ನ ಹರಿದು ಹಾಕ್ತಾರೆ, ಗೊತ್ತಲ್ಲ?”

“ಹರಿಯಲಿ.”

ಆಕೆಯೂ ಅಲ್ಲಿದ್ದಳು. ಕ್ರಯವನ್ನೇ ರದ್ದು ಮಾಡಿಸಿ ಗದ್ದೆ ವಾಪಸು ಕೊಡಿಸಿ ಎಂದು ಕೇಳುತ್ತಿದ್ದಳು. ವಕೀಲರು ತಾಳ್ಮೆಯಿಂದ ವಿವರಿಸಿದರು. “ಗದ್ದೆ ಹೋಯ್ತಮ್ಮ. ರಿಜಿಸ್ಟ್ರಿ ಆದ ದಿನವೇ ಅದು ಅವನದ್ದಾಯ್ತು. ನಾವು ಕೇಳಬಹುದಾದ್ದು ಬಾಕಿ ಹಣ ಮಾತ್ರ. ಹಣಕ್ಕೆ ಆ ಗದ್ದೆ ಮೇಲೆ ಹೊರೆ ಇದೆ ಅಂತ ಡಿಕ್ರಿ ಕೇಳ್ತೀವಿ. ಕೊಡದಿದ್ರೆ ಹರಾಜು.”

“ದುಡ್ಡು ಕೊಡ್ದೇ ಇದ್ದವನ್ದು ಗದ್ದೆ, ಗದ್ದೆ ಕೊಟ್ಟವಳಿಗೆ ಕೋರ್ಟಾ? ಈ ಕಾಯ್ದೆ ಬರ್ದವ್ರೂ ನಿಮ್ ಜಗಲಿ ಮೇಲೇ ಕೂತಿದ್ರಾ ರಾಯ್ರೇ?” ಎಂದು ಆಕೆ ನನ್ನ ಕಡೆ ತಿರುಗಿದಳು. ವಕೀಲರು ನಕ್ಕರು. ನನಗೆ ನಗು ಬರಲಿಲ್ಲ.

ನೋಟಿಸು ಹೋಯಿತು. ಹಣ ಪೂರಾ ಕೊಟ್ಟಿದ್ದೇನೆ ಎಂದು ಉತ್ತರ ಬಂತು. ಮಳೆಗಾಲದ ಆರಂಭದಲ್ಲಿ ಮುನ್ಸೀಫ್ ಕೋರ್ಟಿನಲ್ಲಿ ದಾವೆ ದಾಖಲಾಯಿತು. ಕೋರ್ಟು ಫೀಸನ್ನು ಆಕೆ ತಾನು ಪಡೆದಿದ್ದ ಎಂಟುನೂರರಲ್ಲೇ ಕಟ್ಟಿದಳು. ಆಮೇಲೆ ವಾಯಿದೆಗಳ ಸಾಲು. ಒಂದು ಸಲ ಪ್ರತಿವಾದಿಗೆ ಸಮನ್ಸು ಜಾರಿಯಾಗಲಿಲ್ಲ, ಊರಲ್ಲಿಲ್ಲವಂತೆ. ಅದೇ ದಿನ ಬೆಳಿಗ್ಗೆ ಅವರು ಮಂಡಿಯಲ್ಲಿ ತಕ್ಕಡಿ ಹಿಡಿದಿದ್ದನ್ನು ನಾನು ಕಂಡಿದ್ದೆ. ಇನ್ನೊಂದು ಸಲ ಅವರ ವಕೀಲರಿಗೆ ಮೈ ಸರಿಯಿರಲಿಲ್ಲ. ಆಕೆ ಪ್ರತಿ ವಾಯಿದೆಗೂ ಮೊದಲ ಬಸ್ಸಿಗೆ ಬಂದಳು, ಸೆರಗಿನಲ್ಲಿ ಹೊಸಬಾಳೆಯ ಕರಾರನ್ನು ಕಟ್ಟಿಕೊಂಡು. ಯುಗಾದಿಗೆ ಎಷ್ಟು ಅಮಾವಾಸ್ಯೆ ಉಳಿದಿದೆ ಎಂದು ಬಸ್ಸಿನಿಂದ ಇಳಿಯುತ್ತಲೇ ಹೇಳುತ್ತಿದ್ದಳು.

ಪತ್ರಕ್ಕೆ ಸಾಕ್ಷಿ ಹಾಕಿದ್ದವರು ಇಬ್ಬರು. ಒಬ್ಬ ಸಾಹುಕಾರರ ಮಂಡಿಯಲ್ಲಿ ತೂಕ ಮಾಡುವವನು. ಎರಡು ಸಾವಿರವನ್ನು ನನ್ನ ಮೇಜಿನ ಮೇಲೆಯೇ ಎಣಿಸಿ ಕೊಟ್ಟರು ಎಂದು ಪ್ರಮಾಣ ಮಾಡಿ ಹೇಳಿದ. ಇನ್ನೊಬ್ಬ ಕಚೇರಿಯ ಎದುರಿನ ಚಹಾ ಅಂಗಡಿಯವನು. “ಸಹಿ ಹಾಕು ಅಂದ್ರು ಹಾಕಿದೆ. ದಿನಾ ಹಾಕ್ತೀನಿ. ಕಾಗದದಾಗ ಏನೈತಿ ಅಂತ ನನಗೇನ್ ಗೊತ್ತ್ರಿ?” ಎಂದ. ಅವನಿಂದ ಉಪಯೋಗವೂ ಇಲ್ಲ, ನಷ್ಟವೂ ಇಲ್ಲ.

ಅದಕ್ಕೂ ಮೊದಲು, ಆಕೆಯ ಹೇಳಿಕೆ ಮುಗಿದ ಮೇಲೆ, ನಾನು ಕಟಕಟೆ ಹತ್ತಿದ್ದೆ. ಲಕೋಟೆ ಒಡೆದು ರಸೀತಿ ಕೊಟ್ಟೆ. ನಡೆದದ್ದನ್ನು ನಡೆದ ಕ್ರಮದಲ್ಲಿ ಹೇಳಿದೆ. ಎದುರು ವಕೀಲರು ಕ್ರಯಪತ್ರದ ನಕಲನ್ನು ಹಿಡಿದು ಎದ್ದರು.

“ಈ ಪತ್ರದ ಒಕ್ಕಣೆ ಯಾರದು?”

“ನನ್ನದು.”

“‘ಪೂರಾ ಹಣ ಮುಟ್ಟಿರುತ್ತದೆ’ ಅಂತ ಬರೆದಿದ್ದೀರಿ. ಸುಳ್ಳೋ ನಿಜವೋ?”

“ಸುಳ್ಳು.”

“ಹಾಗಾದರೆ ನೀವು ಸುಳ್ಳು ಬರೆಯುವವರು.”

“ಆ ಸಾಲಿನ ಮಟ್ಟಿಗೆ ಹೌದು.”

“ಇಂಥ ಸುಳ್ಳನ್ನ ಎಷ್ಟು ಕಾಗದದಲ್ಲಿ ಬರೆದಿದ್ದೀರಿ?”

“ಬರೆದ ಎಲ್ಲ ಕ್ರಯಪತ್ರಗಳಲ್ಲೂ ಹಣ ಬರುವ ಮೊದಲೇ ಬರೆದಿದ್ದೇನೆ. ಉಳಿದವರು ಹಣ ಕೊಟ್ಟು ಅದನ್ನು ನಿಜ ಮಾಡಿದರು. ಇವರು ಮಾಡಲಿಲ್ಲ.”

ಕೋರ್ಟಿನಲ್ಲಿ ಯಾರೋ ನಕ್ಕರು. ಮುನ್ಸೀಫರು ತಲೆಯೆತ್ತದೆ ಬರೆದುಕೊಂಡರು. “ಸುಳ್ಳು ಬರೆದಿದ್ದೇನೆಂದು ತಾನೇ ಒಪ್ಪುವ ಸಾಕ್ಷಿಯನ್ನ ನಂಬಬಾರದು” ಎಂದು ಎದುರು ವಕೀಲರು ಕೂತರು. ಮರುದಿನ ನನ್ನ ಮೇಜಿನ ಮುಂದೆ ಒಬ್ಬ ಗಿರಾಕಿಯೂ ಕೂರಲಿಲ್ಲ.

ಕೇಸು ತಿರುಗಿದ್ದು ಸಾಹುಕಾರರು ಕಟಕಟೆ ಹತ್ತಿದ ದಿನ. ನಮ್ಮ ವಕೀಲರು ಹಣದ ಸುದ್ದಿಯನ್ನೇ ಎತ್ತಲಿಲ್ಲ. ಮಾವನನ್ನು ಮಾತಾಡಿಸುವ ಅಳಿಯನಂತೆ ಮೆತ್ತಗೆ ಶುರುಮಾಡಿದರು.

“ಸಾಹುಕಾರ್ರೇ, ಈ ಬರಹಗಾರರಿಂದ ಇದಕ್ಕೆ ಮುಂಚೆ ಎಷ್ಟು ಕ್ರಯ ಬರೆಸಿದ್ದೀರಿ?”

“ಏಳೋ ಎಂಟೋ ಆಗಿರಬೇಕ್ರಿ.”

“ಅವೆಲ್ಲದರ ಮೂಲಪತ್ರ ಎಲ್ಲಿವೆ?”

“ಮನ್ಯಾಗ, ತಿಜೋರ್ಯಾಗ.”

“ಕಚೇರಿಯಿಂದ ಬಿಡಿಸಿಕೊಳ್ಳೋದಕ್ಕೆ ರಸೀತಿ ಬೇಕಲ್ಲ? ಅದು ನಿಮ್ಮ ಕೈಗೆ ಯಾವಾಗ ಬರ್ತಿತ್ತು?”

“ರೊಕ್ಕ ಎಣಿಸಿದ ಕೂಡ್ಲೇ. ಹಿಂದ್ಗಡೆ ರುಜು ಹಾಕಿಸ್ಕೊಂಡು ಅಲ್ಲೇ ತಗೊಂತೀನಿ. ರಸೀತಿ ತಗೊಳ್ಳದ ಅಲ್ಲಿಂದ ಏಳಂಗಿಲ್ಲರೀ ನಾನು.” ಹೇಳುವಾಗ ಸಾಹುಕಾರರಿಗೆ ತಮ್ಮ ಜಾಗ್ರತೆಯ ಬಗ್ಗೆ ಹೆಮ್ಮೆಯೇ ಇತ್ತು.

“ಏಳೆಂಟು ಸಲವೂ ಹಾಗೇ?”

“ಹಂಗ ರೀ. ವ್ಯಾಪಾರ ಅಂದ್ರೆ ಹಂಗ ಇರಬೇಕು.”

ನಮ್ಮ ವಕೀಲರು ರಸೀತಿಯನ್ನು ಅವರ ಕೈಗೆ ಕೊಟ್ಟರು. “ಇದರ ಬೆನ್ನು ನೋಡಿ. ರುಜು ಇದೆಯೇ?”

ಸಾಹುಕಾರರು ತಿರುಗಿಸಿದರು. ಮತ್ತೆ ತಿರುಗಿಸಿದರು.

“ಇಲ್ಲ.”

“ಎರಡು ಸಾವಿರ ಈ ಬರಹಗಾರರ ಮೇಜಿನ ಮೇಲೇ ಎಣಿಸಿದ್ರಿ ಅಂತೀರಿ. ರಸೀತಿಯೂ ಅದೇ ಮೇಜಿನ ಪೆಟ್ಟಿಗೆಯಲ್ಲಿತ್ತು. ರುಜು ಹಾಕಬೇಕಾದವರು ಎದುರಿಗೇ ಕೂತಿದ್ದರು. ಇದೊಂದನ್ನ ಬಿಟ್ಟು ಹೇಗೆ ಎದ್ದಿರಿ?”

ಸಾಹುಕಾರರು ತಮ್ಮ ವಕೀಲರ ಕಡೆ ನೋಡಿದರು. ಅವರು ಫೈಲು ನೋಡುತ್ತಿದ್ದರು.

“ಮರೆತಿರಬೇಕು.”

“ಹದಿನೈದು ತಿಂಗಳು? ಒಂದು ನೋಟಿಸಾದರೂ ಕೊಟ್ರಾ, ರಸೀತಿ ಕೊಡಿ ಅಂತ?”

‘ಉತ್ತರವಿಲ್ಲ’ ಎಂದು ಮುನ್ಸೀಫರು ಬರೆದುಕೊಂಡರು. ಹಿಂದಿನ ಬೆಂಚಿನಲ್ಲಿ ಆಕೆ ಸೆರಗಿನ ಗಂಟು ಬಿಚ್ಚಿ ಮತ್ತೆ ಕಟ್ಟಿದಳು.

ತೀರ್ಪು ನಮ್ಮ ಕಡೆ ಆಯಿತು. ಎರಡು ಸಾವಿರ, ಬಡ್ಡಿ, ಖರ್ಚು. ಮೂರು ತಿಂಗಳಲ್ಲಿ ಕಟ್ಟದಿದ್ದರೆ ಉಡುತಡಿಯ ಗದ್ದೆ ಹರಾಜು. ತೀರ್ಪಿನಲ್ಲಿ ನನ್ನ ಬಗ್ಗೆಯೂ ಒಂದು ವಾಕ್ಯವಿತ್ತು. ಈ ಸಾಕ್ಷಿಯ ಮಾತು ನಂಬತಕ್ಕದ್ದು, ಆದರೆ ಅವನ ಬರವಣಿಗೆಯ ಪದ್ಧತಿ ಖಂಡನೀಯ ಎಂದು. ಅದನ್ನು ಎರಡು ಸಲ ಓದಿಕೊಂಡೆ. ಅದರಲ್ಲಿ ಹೊಡೆಯಬೇಕಾದ ಒಂದು ಅಕ್ಷರವೂ ಇರಲಿಲ್ಲ.

ಗೆದ್ದೆವು ಎಂದು ಕುಣಿಯುವಂಥದ್ದೇನೂ ಇರಲಿಲ್ಲ. ತೀರ್ಪು ಬಂದದ್ದು ಯುಗಾದಿ ಕಳೆದು ಮೂರನೆಯ ವಾರ. ಸಾಹುಕಾರರು ಹಣ ಕಟ್ಟಿದ್ದು ಮೂರು ತಿಂಗಳ ಗಡುವಿನ ಕೊನೆಯ ದಿನ, ಮಧ್ಯಾಹ್ನದ ಮೇಲೆ. ತಮಗೆ ನಷ್ಟವೇನೂ ಆಗಲಿಲ್ಲ ಎನ್ನುವಂತೆ ನನಗೆ ಕೈ ಮುಗಿದು ಹೋದರು. ಆಗಲೂ ಇಲ್ಲ ನಿಜ. ಎರಡು ಬೆಳೆ ಭತ್ತ ಅವರ ಮಂಡಿಗೇ ಹೋಗಿತ್ತು. ಇತ್ತ ಹೊಸಬಾಳೆಯ ನೆರೆಯವರು ವಾಯಿದೆ ಮುಗಿದ ಮೇಲೆ ಎರಡು ತಿಂಗಳು ಕಾದು, ನೀರು ಚೆನ್ನಾಗಿ ಏರುವ ಕೆಳಗಿನ ಅರ್ಧವನ್ನು ಬೇರೆಯವರಿಗೆ ಮಾರಿದ್ದರು. ಮೇಲಿನ ಅರ್ಧ ಉಳಿದಿತ್ತು. ಮುಂಗಡ ಮುರಿದುಕೊಂಡು ಅಷ್ಟನ್ನು ಕೊಡಲು ಒಪ್ಪಿದರು. ಕಾಗದದ ಪ್ರಕಾರ ಅದನ್ನೂ ಕೊಡಬೇಕಾಗಿರಲಿಲ್ಲ.

ಆ ಕ್ರಯಪತ್ರ ಬರೆಯಲು ಆಕೆ ನನ್ನನ್ನೇ ಸೊರಬಕ್ಕೆ ಕರೆದಳು. ಅಲ್ಲಿನವರು ಬೇಕಾದಷ್ಟು ಜನರಿದ್ದಾರಲ್ಲ ಎಂದೆ.

“ಅವ್ರಿಗಿನ್ನೂ ಏಟು ಬಿದ್ದಿಲ್ಲ. ನೀವೇ ಬರ್ರಿ” ಎಂದಳು.

ಸೊರಬದ ಕಚೇರಿಯ ಹೊರಗೆ ಕೂತು ಚಕ್ಕುಬಂದಿ, ಸರ್ವೆ ನಂಬರು, ಗುಂಟೆ ಎಲ್ಲ ಬರೆದೆ. ಹಣದ ಸಾಲು ಬಂದಾಗ ಟಾಕು ಒರೆಸಿ ಕೆಳಗಿಟ್ಟೆ. ಅಷ್ಟು ಜಾಗ ಬಿಟ್ಟು ಮುಂದಿನದನ್ನು ಬರೆಯಬಹುದಿತ್ತು. ಬರೆಯಲಿಲ್ಲ. ಆಕೆ ನೋಟಿನ ಕಟ್ಟು ಬಿಚ್ಚಿ ಗಟ್ಟಿಯಾಗಿ ಎಣಿಸಿ ಕೊಟ್ಟಳು. ನೆರೆಯವನು ಎಣಿಸಿಕೊಂಡು ಅಂಗಿಯ ಒಳಜೇಬಿಗೆ ಇಟ್ಟ. “ಈಗ ಬರೀರಿ” ಎಂದಳು. ಬರೆದೆ.

ಒಳಗೆ ಅಧಿಕಾರಿ ಮಾರಿದವನನ್ನು ಕೇಳಿದರು. “ಹಣ ಮುಟ್ಟಿತೇನಪ್ಪ?”

ಅವನು ಅಭ್ಯಾಸದಂತೆ ನನ್ನ ಮುಖ ನೋಡಿದ. ನಾನು ಮುಖ ತಿರುಗಿಸಿ ಕಿಟಕಿಯ ಕಡೆ ನೋಡಿದೆ.

“ಅವ್ರ ಮುಖ ಎಂತಕ್ ನೋಡ್ತೀಯ ಮಾರಾಯ?” ಎಂದಳು ಆಕೆ. “ನಿನ್ ಜೇಬು ಮುಟ್ಟಿ ನೋಡ್ಕಂಡು ಹೇಳು.”

ಅವನು ಜೇಬು ಮುಟ್ಟಿ ನೋಡಿಕೊಂಡು, ಹೂಂ ಎಂದ.